ನಾನು ಬರಲಾರೆ, ನೀವೇ ಬನ್ನಿ

ಹೊರಗಿನವರು ಮೊದಲ ಸಲ ಬುತ್ತಿ ಬಿಚ್ಚಿ ಮುಂದಿಟ್ಟಾಗ ಲಿಕೋವ್ ಮನೆಯವರು ಅದರಲ್ಲಿ ತೆಗೆದುಕೊಂಡಿದ್ದು ಉಪ್ಪು ಒಂದನ್ನೇ. ಬ್ರೆಡ್ ಬೇಡ, ಜಾಮ್ ಬೇಡ, ಚಹಾ ಬೇಡ. ಎಲ್ಲದಕ್ಕೂ ಒಂದೇ ಉತ್ತರ: "ಅದು ನಮಗೆ ಸಲ್ಲದು." ಉಪ್ಪಿಗೆ ಮಾತ್ರ ಆ ಮನೆಯ ಮುದುಕ ಕೈ ಚಾಚಿದ. ನಲವತ್ತು ವರ್ಷ ಉಪ್ಪಿಲ್ಲದೆ ಉಂಡಿದ್ದು ನಿಜವಾದ ಹಿಂಸೆ ಅಂತ ಆಮೇಲೆ ಅವನೇ ಹೇಳಿಕೊಂಡ.

ಇದು ನಡೆದದ್ದು 1978ರಲ್ಲಿ, ದಕ್ಷಿಣ ಸೈಬೀರಿಯಾದ ಸಯಾನ್ ಬೆಟ್ಟಗಳಲ್ಲಿ. ಕಬ್ಬಿಣದ ಅದಿರು ಹುಡುಕುವ ಭೂವಿಜ್ಞಾನಿಗಳನ್ನು ಇಳಿಸಲು ಜಾಗ ನೋಡುತ್ತಿದ್ದ ಹೆಲಿಕಾಪ್ಟರ್ ಪೈಲಟ್‌ಗೆ ಕೆಳಗೆ ಉತ್ತ ಗೆರೆಗಳು ಕಂಡವು. ತೋಟ! ಹತ್ತಿರದ ಊರು ಅಂದರೆ 240 ಕಿಲೋಮೀಟರ್‌ಗೂ ಆಚೆ. ಅಂಥ ಕಡೆ ಬೆಟ್ಟದ ಓರೆಯಲ್ಲಿ ಆಲೂಗಡ್ಡೆ ಬೆಳೆಯುವವರು ಯಾರು? ಗಲೀನಾ ಪಿಸ್ಮೆನ್‌ಸ್ಕಯಾ ಎಂಬ ಭೂವಿಜ್ಞಾನಿ ಮೂವರು ಜೊತೆಗಾರರೊಂದಿಗೆ ನೋಡಲು ಹೊರಟಳು. ಮಳೆಗೆ ಕಪ್ಪಗಾದ ಗುಡಿಸಲು. ಬಾಗಿಲು ಕಿರ್ರೆಂದಿತು. ತೇಪೆ ಮೇಲೆ ತೇಪೆ ಹಾಕಿದ ಗೋಣಿಯಂಥ ಬಟ್ಟೆ ತೊಟ್ಟ, ಬರಿಗಾಲಿನ, ಕೆದರಿದ ಗಡ್ಡದ ಮುದುಕ ಹೊರಗೆ ಬಂದ. ಹೆದರಿದ್ದ. ಸ್ವಲ್ಪ ಹೊತ್ತು ಸುಮ್ಮನೆ ನಿಂತು, ಇಷ್ಟು ದೂರ ಬಂದಿದ್ದೀರಿ, ಒಳಗೆ ಬನ್ನಿ ಅಂದ.

ಈ ಮಾತನ್ನು ಓದಿದಾಗಲೆಲ್ಲ ನಾನು ಅಲ್ಲೇ ನಿಂತುಬಿಡುತ್ತೇನೆ. ಮನುಷ್ಯರಿಂದ ತಪ್ಪಿಸಿಕೊಳ್ಳಲೆಂದೇ ಅಷ್ಟು ದೂರ ಓಡಿ ಬಂದವನು. ಮನುಷ್ಯರು ಬಾಗಿಲಿಗೆ ಬಂದಾಗ ಅವನ ಬಾಯಲ್ಲಿ ಬಂದಿದ್ದು ಅತಿಥಿಗೆ ಹೇಳುವ ಮಾತು. ಒಳಗೆ ಅವನ ಹೆಣ್ಣುಮಕ್ಕಳಿಬ್ಬರು ಅಳುತ್ತಿದ್ದರು. ಇದು ನಮ್ಮ ಪಾಪದ ಫಲ ಅಂತ ಒಬ್ಬಳು ಗೋಳಾಡುತ್ತಿದ್ದಳು. ಬಂದವರು ಸೂಕ್ಷ್ಮ ಅರಿತವರು. ತಕ್ಷಣ ಹೊರಗೆ ಹೋಗಿ, ಸ್ವಲ್ಪ ದೂರದಲ್ಲಿ ಕೂತು, ತಂದ ಬುತ್ತಿ ತೆಗೆದು ತಿನ್ನತೊಡಗಿದರು. ಅರ್ಧ ಗಂಟೆ ಕಳೆಯಿತು. ಮುದುಕ ಮತ್ತು ಆ ಇಬ್ಬರು ತಾವಾಗಿಯೇ ಹೊರಗೆ ಬಂದರು. ಹೆದರಿಕೆ ಹೋಗಿರಲಿಲ್ಲ. ಆದರೆ ಕುತೂಹಲ ಹೆದರಿಕೆಗಿಂತ ಒಂದು ಹೆಜ್ಜೆ ಮುಂದೆ ಬಂದಿತ್ತು.

ಮುದುಕನ ಹೆಸರು ಕಾರ್ಪ್ ಲಿಕೋವ್. ಇವರು ರಷ್ಯಾದ ಹಳೆ ನಂಬಿಕೆಯ ಕ್ರೈಸ್ತರು. 17ನೇ ಶತಮಾನದಲ್ಲಿ ನಿಕೋನ್ ಎಂಬ ಧರ್ಮಗುರು ಪ್ರಾರ್ಥನೆಯ ರೀತಿಯನ್ನು ತಿದ್ದಿದ. ಎರಡು ಬೆರಳಲ್ಲಿ ಹಾಕುತ್ತಿದ್ದ ಶಿಲುಬೆಯ ಗುರುತನ್ನು ಮೂರು ಬೆರಳಲ್ಲಿ ಹಾಕಬೇಕು ಅಂದ. ಒಪ್ಪದವರಿಗೆ ಕಿರುಕುಳ ಶುರುವಾಯಿತು. ಆಮೇಲೆ ಬಂದ ಪೀಟರ್ ದೊರೆ ಗಡ್ಡ ಬಿಟ್ಟವರಿಗೂ ತೆರಿಗೆ ಹಾಕಿದ. ಹೀಗೆ ಸರಿದು ಸರಿದು ಸೈಬೀರಿಯಾ ಸೇರಿದವರ ಕುಲ ಇದು. ಕಾರ್ಪ್ ಪೀಟರ್ ದೊರೆಯ ಬಗ್ಗೆ ಮಾತಾಡಿದರೆ ನಿನ್ನೆ ಮೊನ್ನೆ ತನ್ನ ಮನೆ ಹಾಳುಮಾಡಿದವನ ಬಗ್ಗೆ ಮಾತಾಡಿದಂತೆ ಇರುತ್ತಿತ್ತಂತೆ. 1936ರಲ್ಲಿ ಹೊಲದಲ್ಲಿ ಕೆಲಸ ಮಾಡುತ್ತಿದ್ದಾಗ ಅವನ ಪಕ್ಕದಲ್ಲೇ ಅವನ ಸಹೋದರನನ್ನು ಸೋವಿಯತ್ ಗಸ್ತಿನವರು ಗುಂಡಿಟ್ಟು ಕೊಂದರು. ಕಾರ್ಪ್ ತನ್ನ ಹೆಂಡತಿ ಅಕುಲೀನಾ, ಮಗ ಸಾವಿನ್, ಎಳೆ ಮಗಳು ನತಾಲ್ಯಾ ಇವರನ್ನು ಕಟ್ಟಿಕೊಂಡು ಕಾಡು ಹೊಕ್ಕ. ಒಂದಷ್ಟು ಬೀಜ, ಒಂದಷ್ಟು ಪಾತ್ರೆ, ನೂಲುವ ರಾಟೆ. ದಿಮಿತ್ರಿ ಮತ್ತು ಅಗಾಫ್ಯಾ ಕಾಡಿನಲ್ಲೇ ಹುಟ್ಟಿದರು. ಈ ಇಬ್ಬರು ಮಕ್ಕಳು 1978ರವರೆಗೆ ತಮ್ಮ ಮನೆಯವರನ್ನು ಬಿಟ್ಟು ಬೇರೊಂದು ಮನುಷ್ಯ ಮುಖ ಕಂಡಿರಲಿಲ್ಲ.

ಎರಡನೇ ಮಹಾಯುದ್ಧ ಆಗಿದ್ದು ಇವರಿಗೆ ಗೊತ್ತಿರಲಿಲ್ಲ. ಆದರೆ ಉಪಗ್ರಹಗಳನ್ನು ಗಮನಿಸಿದ್ದರು! ಐವತ್ತರ ದಶಕದಿಂದ ಈಚೆಗೆ ಕೆಲವು ನಕ್ಷತ್ರಗಳು ಆಕಾಶದಲ್ಲಿ ಬೇಗ ಬೇಗ ಓಡತೊಡಗಿವೆ ಅಂತ ಕಾರ್ಪ್ ಲೆಕ್ಕ ಹಾಕಿಟ್ಟಿದ್ದ.

ಕಾಡಿನ ಆ ನಾಲ್ಕು ದಶಕಗಳ ಬಗ್ಗೆ ಬರೆದವರೆಲ್ಲ ಹಸಿವು, ಚಳಿ, ಬರ್ಚ್ ಮರದ ತೊಗಟೆಯಲ್ಲಿ ಮಾಡಿದ ಮೆಟ್ಟು, ಸೆಣಬಿನ ನಾರಿನ ಬಟ್ಟೆ ಇದನ್ನೇ ಹೇಳುತ್ತಾರೆ. ಹೇಳಲೇಬೇಕಾದ್ದೇ. ಕಬ್ಬಿಣದ ಪಾತ್ರೆ ತುಕ್ಕು ಹಿಡಿದು ತೂತಾದ ಮೇಲೆ ಉಳಿದಿದ್ದು ತೊಗಟೆಯ ಪಾತ್ರೆ. ಅದನ್ನು ಒಲೆ ಮೇಲೆ ಇಡುವ ಹಾಗಿಲ್ಲ. ಬೇಯಿಸುವುದೇ ಕಷ್ಟವಾಯಿತು. ಆದರೆ ನನ್ನ ಮನಸ್ಸು ಹಿಡಿದಿದ್ದು ಇನ್ನೊಂದು ವಿಷಯ. ಆ ಮನೆಯಲ್ಲಿ ಹೊತ್ತು ಕಳೆಯಲು ಇದ್ದ ದೊಡ್ಡ ಮನರಂಜನೆ ಅಂದರೆ ಕನಸು ಹೇಳುವುದು. ಒಬ್ಬೊಬ್ಬರೂ ತಾವು ಕಂಡ ಕನಸನ್ನು ಉಳಿದವರಿಗೆ ಹೇಳಬೇಕು.

ಯೋಚಿಸಿ ನೋಡಿ. ಹೊಸ ಸುದ್ದಿ ತರುವವರು ಯಾರೂ ಇಲ್ಲ. ನೆಂಟರಿಲ್ಲ, ಸಂತೆಯಿಲ್ಲ, ದಾರಿಹೋಕರಿಲ್ಲ. ಇಡೀ ದಿನ ಎಲ್ಲರೂ ಕಂಡದ್ದು ಅದೇ ಹೊಳೆ, ಅದೇ ಆಲೂಗಡ್ಡೆ ಪಾತಿ. ಒಬ್ಬರಿಗೆ ಗೊತ್ತಿಲ್ಲದ್ದು ಇನ್ನೊಬ್ಬರಿಗೆ ಗೊತ್ತಿರುವುದು ಸಾಧ್ಯವಾದರೆ ಅದು ಕನಸಿನಲ್ಲಿ ಮಾತ್ರ. ಮಾತಿನ ಹಸಿವು ಎಷ್ಟಿರಬೇಕು! ಊರಿಂದ ಓಡಬಹುದು. ಇನ್ನೊಬ್ಬರಿಗೆ ಏನನ್ನಾದರೂ ಹೇಳಬೇಕು ಅನ್ನುವ ತುಡಿತದಿಂದ ಓಡುವುದು ಆಗಲಿಲ್ಲ ಅವರಿಗೆ. ಅಮ್ಮ ಅಕುಲೀನಾ ಮಕ್ಕಳಿಗೆ ಓದು ಬರಹ ಕಲಿಸಿದ್ದೂ ಇದೇ ಬಗೆಯದು ಅನ್ನಿಸುತ್ತದೆ ನನಗೆ. ಚೂಪು ಮಾಡಿದ ಬರ್ಚ್ ಕಡ್ಡಿ ಲೇಖನಿ, ಹನಿಸಕಲ್ ಹಣ್ಣಿನ ರಸ ಶಾಯಿ. ಪತ್ರ ಬರೆಯಲು ಯಾರೂ ಇಲ್ಲದ ಕಡೆ ಬರೆಯುವುದನ್ನು ಕಲಿಸಿದ ತಾಯಿ ಅವಳು.

1960ರ ಸುಮಾರಿಗೆ ಒಂದು ವರ್ಷ ಜೂನ್ ತಿಂಗಳಲ್ಲಿ ಹಿಮ ಬಿತ್ತು. ತೋಟದಲ್ಲಿದ್ದುದೆಲ್ಲ ಸತ್ತಿತು. ಮೆಟ್ಟಿನ ಚರ್ಮ, ಮರದ ತೊಗಟೆ ತಿಂದು ದಿನ ದೂಡಿದರು. ಮಕ್ಕಳಿಗೆ ಇರಲಿ ಅಂತ ಅಕುಲೀನಾ ಉಣ್ಣುವುದನ್ನೇ ಬಿಟ್ಟಳು. ಆ ಹಸಿವಿಗೆ ಅವಳು ಬಲಿಯಾದಳು. ಉಳಿದವರನ್ನು ಬದುಕಿಸಿದ್ದು ಬಟಾಣಿ ಪಾತಿಯ ನಡುವೆ ತಾನಾಗಿ ಹುಟ್ಟಿದ ರೈ ಎಂಬ ಧಾನ್ಯದ ಒಂದೇ ಒಂದು ಗಿಡ. ಸುತ್ತ ಬೇಲಿ ಹಾಕಿ, ಇಲಿ ಅಳಿಲು ಬರದಂತೆ ಹಗಲು ರಾತ್ರಿ ಸರದಿ ಮೇಲೆ ಕಾದರು. ಅದರ ತೆನೆಯಲ್ಲಿ 18 ಕಾಳು ಸಿಕ್ಕಿತು. ಆ 18 ಕಾಳಿನಿಂದ ಮತ್ತೆ ಬೆಳೆ ಎಬ್ಬಿಸಿದರು.

ಇಷ್ಟೆಲ್ಲ ಆದರೂ ಬೆಟ್ಟ ಇಳಿದು ಊರಿನ ದಾರಿ ಹಿಡಿಯಲಿಲ್ಲ. ಅಂಥ ಗಟ್ಟಿ ಜನ, ಭೂವಿಜ್ಞಾನಿಗಳ ಶಿಬಿರಕ್ಕೆ ಮಾತ್ರ ಮತ್ತೆ ಮತ್ತೆ ಬಂದರು. ಹೊಳೆ ಗುಂಟ ಕೆಳಕ್ಕೆ, ಕಾಡು ದಾರಿ. ಬರಬೇಡಿ ಅನ್ನಲು ಯಾರೂ ಇರಲಿಲ್ಲ, ಬನ್ನಿ ಅಂತ ಒತ್ತಾಯವೂ ಇರಲಿಲ್ಲ. ದಿಮಿತ್ರಿ ಮರ ಕೊಯ್ಯುವ ಯಂತ್ರದ ಮುಂದೆ ಬೆರಗಾಗಿ ನಿಂತ. ತಾನು ಒಂದೆರಡು ದಿನ ಮೈಮುರಿದು ಮಾಡುವ ಕೆಲಸ ಅಲ್ಲಿ ಕಣ್ಣೆದುರಿಗೇ ಮುಗಿಯುತ್ತಿತ್ತು. ಕಾರ್ಪ್‌ಗೆ ಎಲ್ಲಕ್ಕಿಂತ ಇಷ್ಟವಾಗಿದ್ದು ಪ್ಲಾಸ್ಟಿಕ್ ಹಾಳೆ. ಅಯ್ಯೋ ದೇವರೇ, ಗಾಜು, ಆದರೆ ಮುದುಡುತ್ತದೆ!

ಇನ್ನು ಟಿವಿ. ಅದು ಪಾಪ ಅಂತ ಅವರಿಗೆ ಖಚಿತವಾಗಿ ಗೊತ್ತು. ಆದರೂ ಬಂದಾಗಲೆಲ್ಲ ಅದರ ಮುಂದೆ ಕೂರುತ್ತಿದ್ದರು. ಕಾರ್ಪ್ ನೇರ ಎದುರಿಗೆ ಕೂತು ನೋಡುತ್ತಿದ್ದ. ಅಗಾಫ್ಯಾ ಬಾಗಿಲ ಹಿಂದಿನಿಂದ ತಲೆ ಹಾಕುತ್ತಿದ್ದಳು. ನೋಡುವುದು, ತಲೆ ಒಳಗೆಳೆದುಕೊಳ್ಳುವುದು, ಶಿಲುಬೆಯ ಗುರುತು ಹಾಕಿ ಪಿಸುಗುಟ್ಟಿ ಪ್ರಾರ್ಥಿಸುವುದು, ಮತ್ತೆ ತಲೆ ಹಾಕುವುದು. ಇದನ್ನು ಜನ ನಗುತ್ತಾ ಹೇಳುತ್ತಾರೆ. ನನಗೆ ನಗು ಬರುವುದಿಲ್ಲ. ಆಮೇಲಿನ ಅವಳ ಇಡೀ ಬಾಳು ಆ ಬಾಗಿಲ ಸಂದಿಯಲ್ಲೇ ಇದೆ ಅನ್ನಿಸುತ್ತದೆ.

1981ರಲ್ಲಿ ಕೆಲವೇ ತಿಂಗಳ ಅಂತರದಲ್ಲಿ ಸಾವಿನ್, ನತಾಲ್ಯಾ, ದಿಮಿತ್ರಿ ಮೂವರೂ ತೀರಿಕೊಂಡರು. ಹೊರಗಿನವರ ಸಂಪರ್ಕದಿಂದ ರೋಗ ಅಂಟಿತು ಅಂತ ಹಲವರು ಬರೆದರು. ಅದು ಅಷ್ಟು ಸರಳವಲ್ಲ. ಸಾವಿನ್ ಮತ್ತು ನತಾಲ್ಯಾ ಹೋಗಿದ್ದು ಮೂತ್ರಪಿಂಡ ಕೆಟ್ಟು. ವರ್ಷಾನುಗಟ್ಟಲೆ ತಿಂದ ಆಹಾರ ಅದಕ್ಕೆ ಕಾರಣ ಅಂತ ಹೇಳುತ್ತಾರೆ. ದಿಮಿತ್ರಿಗೆ ನ್ಯುಮೋನಿಯಾ. ಅದು ಹೊರಗಿನವರಿಂದ ಬಂದಿರಲೂಬಹುದು. ಹೆಲಿಕಾಪ್ಟರ್ ತರಿಸುತ್ತೇವೆ, ಆಸ್ಪತ್ರೆಗೆ ಹೋಗೋಣ ಅಂತ ಭೂವಿಜ್ಞಾನಿಗಳು ಬೇಡಿಕೊಂಡರು. ದೇವರು ಕೊಟ್ಟಷ್ಟು ದಿನ ಬದುಕುವುದು ಅಂತ ಅವನು ಒಪ್ಪಲಿಲ್ಲ. ಬಂಧುಗಳಿರುವ ಊರಿಗೆ ಹೋಗಿ ಅಂತ ಉಳಿದಿಬ್ಬರಿಗೂ ಹೇಳಿ ನೋಡಿದರು. ಕೇಳಲಿಲ್ಲ.

1982ರಲ್ಲಿ ವಾಸಿಲಿ ಪೆಸ್ಕೋವ್ ಎಂಬ ಪತ್ರಕರ್ತ 'ಕೊಮ್ಸೊಮೊಲ್‌ಸ್ಕಯಾ ಪ್ರಾವ್ದಾ' ಪತ್ರಿಕೆಯಲ್ಲಿ ಇವರ ಬಗ್ಗೆ ಬರೆದ. ಅಗಾಫ್ಯಾಳ ಲೆಕ್ಕದಲ್ಲಿ ಅದು ಸೃಷ್ಟಿಯಾದಾಗಿನಿಂದ 7490ನೇ ವರ್ಷ. ಸೋವಿಯತ್ ದೇಶದ ಮೂಲೆ ಮೂಲೆಯಿಂದ ಕಾಗದ, ಬಟ್ಟೆ, ದಿನಸಿ ಬರತೊಡಗಿತು. ಮೇಕೆ ಬಂದವು, ಇಲಿ ಹಿಡಿಯಲು ಬೆಕ್ಕು ಬಂದವು. ಪೆಸ್ಕೋವ್ 2013ರಲ್ಲಿ ತೀರಿಕೊಳ್ಳುವವರೆಗೂ ಈ ಮನೆಯ ನಂಟು ಬಿಡಲಿಲ್ಲ. ಒಂದು ಸುದ್ದಿ ಬರೆದು ಕೈತೊಳೆದುಕೊಳ್ಳಬಹುದಿತ್ತು ಅಲ್ವಾ? ಮತ್ತೆ ಮತ್ತೆ ಹೋದ. ಪತ್ರಕರ್ತರ ಬಗ್ಗೆ ನನಗಿರುವ ಗೌರವ ಇಂಥವರಿಂದ.

1988ರ ಫೆಬ್ರುವರಿ 16ರಂದು ಕಾರ್ಪ್ ಹೋದ. 27 ವರ್ಷಗಳ ಹಿಂದೆ ಅಕುಲೀನಾ ಸತ್ತಿದ್ದೂ ಅದೇ ದಿನ. ಮಣ್ಣು ಮಾಡಲು ಶಿಬಿರದವರು ಬಂದರು. ಅವರಲ್ಲಿ ಯೆರೊಫೇಯ್ ಸೆದೊವ್ ಎಂಬವನೊಬ್ಬ. ನೆಲ ಕೊರೆಯುವ ಕೆಲಸದವನು. ಲಿಕೋವ್‌ಗಳ ಆಲೂಗಡ್ಡೆ ನೆಡಲು, ಕೀಳಲು ಎಷ್ಟೋ ಸಲ ಬಂದು ಕೈ ಹಾಕಿದ್ದವನು. ವಾಪಸು ಹೊರಡುವಾಗ ಅವನು ತಿರುಗಿ ನೋಡಿದ. ಅಗಾಫ್ಯಾ ಹೊಳೆ ದಡದಲ್ಲಿ ಕಲ್ಲಾಗಿ ನಿಂತಿದ್ದಳು. ಅಳುತ್ತಿರಲಿಲ್ಲ. ಹೋಗಿ, ಹೋಗಿ ಅನ್ನುವಂತೆ ತಲೆಯಾಡಿಸಿದಳು. ಒಂದು ಕಿಲೋಮೀಟರ್ ನಡೆದು ಮತ್ತೆ ತಿರುಗಿದಾಗಲೂ ಅವಳು ಅಲ್ಲೇ ಇದ್ದಳಂತೆ.

ಹೋಗಿ ಅಂದವಳು ತಾನು ಒಳಗೆ ಹೋಗಲಿಲ್ಲ. ಇದನ್ನು ನಾನು ಮತ್ತೆ ಮತ್ತೆ ಯೋಚಿಸಿದ್ದೇನೆ.

ಕಾಡು ಬಿಟ್ಟು ಹೊರಗೆ ಬದುಕಲು ಅವಳು ಪ್ರಯತ್ನ ಪಡಲಿಲ್ಲ ಅಂತೇನಲ್ಲ. ಅಪ್ಪ ಇರುವಾಗಲೇ ಸರ್ಕಾರ ಅವಳನ್ನು ಒಂದು ತಿಂಗಳು ದೇಶ ಸುತ್ತಿಸಿತು. ವಿಮಾನ, ರೈಲು, ಕಾರು, ದುಡ್ಡು ಎಲ್ಲ ಕಂಡಳು. ನೆಂಟರ ಊರಿಗೂ ಹೋಗಿ ಬಂದಳು. 1990ರಲ್ಲಿ ಹಳೆ ನಂಬಿಕೆಯವರ ಸನ್ಯಾಸಿನಿ ಮಠವೊಂದನ್ನು ಸೇರಿದಳು. ದೀಕ್ಷೆಯನ್ನೂ ತೆಗೆದುಕೊಂಡಳು. ಅಲ್ಲಿಯೂ ನಿಲ್ಲಲಿಲ್ಲ. ಧರ್ಮದ ವಿಷಯದಲ್ಲಿ ಅವರ ರೀತಿ ಇವಳಿಗೆ ಸರಿಬರಲಿಲ್ಲ, ಮೈಗೂ ಆಗಿಬರಲಿಲ್ಲ. ಹೊರಗಿನ ಗಾಳಿ ನೀರು ತನಗೆ ಒಗ್ಗುವುದಿಲ್ಲ, ಕಾಯಿಲೆ ಬೀಳುತ್ತೇನೆ ಅಂತ ಹೇಳಿ ತನ್ನ ಯೆರಿನಾತ್ ಹೊಳೆ ದಡಕ್ಕೇ ಮರಳಿದಳು.

ನೀರು ಒಗ್ಗುವುದಿಲ್ಲ ಅನ್ನುವ ಮಾತು ನಮ್ಮ ಮನೆಯಲ್ಲಿ ನಾನು ಕೇಳಿದ್ದೇ. ತೀರ್ಥಹಳ್ಳಿ ಕಡೆ ತೋಟದ ನಡುವೆ ನಮ್ಮ ದೊಡ್ಡಮ್ಮ ಒಬ್ಬರೇ ಇದ್ದಾರೆ. ಮಲೆನಾಡಿನ ಒಂಟಿ ಮನೆ. ಪಕ್ಕದ ಮನೆಗೆ ಹೋಗಬೇಕಾದರೆ ಒಂದು ಗುಡ್ಡ ಇಳಿದು ಹಳ್ಳದ ಸಂಕ ದಾಟಬೇಕು. ದೊಡ್ಡಪ್ಪ ಹೋಗಿ ತುಂಬ ವರ್ಷವಾಯಿತು. ಮಕ್ಕಳು ಒಬ್ಬರು ಬೆಂಗಳೂರು, ಒಬ್ಬರು ಅಮೆರಿಕ. ಬೆಂಗಳೂರಿಗೆ ಕರೆದುಕೊಂಡು ಬಂದರೆ ಒಂಬತ್ತನೇ ಮಹಡಿಯ ಬಾಲ್ಕನಿಯಲ್ಲಿ ಕೂತು ಕೆಳಗೆ ನೋಡುತ್ತಾರೆ. ವಾರ ಕಳೆಯುವುದರೊಳಗೆ ನೀರು ಒಗ್ಗಲಿಲ್ಲ, ಕೆಮ್ಮು ಬಂತು, ದನ ಯಾರು ನೋಡ್ತಾರೆ ಅಂತ ಹೊರಟು ನಿಲ್ಲುತ್ತಾರೆ. ಈಗ ದನವೂ ಇಲ್ಲ. ಆದರೂ ಹೊರಡುತ್ತಾರೆ.

ದೊಡ್ಡಮ್ಮನಿಗೆ ಜನ ಕಂಡರಾಗುವುದಿಲ್ಲ ಅಂತ ನೆಂಟರಲ್ಲಿ ಕೆಲವರು ತೀರ್ಮಾನಿಸಿಬಿಟ್ಟಿದ್ದಾರೆ. ಅವರು ಆ ಮನೆಯ ಜಗಲಿಯಲ್ಲಿ ಒಂದು ಬೆಳಗ್ಗೆ ಕೂತು ನೋಡಬೇಕು. ಮಳೆಗಾಲದಲ್ಲಿ ಅಡಿಕೆಗೆ ಕೊಳೆ ಔಷಧಿ ಹೊಡೆಯುವವರು ಬಂದರೆ ಅವರಿಗೆ ಕಾಫಿ, ಅವಲಕ್ಕಿ. ಜೊತೆಗೆ ಅವರ ಮನೆಯ ಸಮಾಚಾರವೆಲ್ಲ ವಿಚಾರಣೆ. ಮಗಳಿಗೆ ಎಷ್ಟನೇ ತಿಂಗಳು, ಅಳಿಯ ಕುಡಿಯುವುದು ಬಿಟ್ಟನಾ, ಎಲ್ಲ ನೆನಪಿರುತ್ತದೆ. ಗ್ಯಾಸ್ ಸಿಲಿಂಡರ್ ತರುವ ಹುಡುಗನಿಗೂ ಅಷ್ಟೇ. ಮೊಬೈಲ್ ಸಿಗ್ನಲ್ ಅಂಗಳದ ಒಂದು ಮೂಲೆಯಲ್ಲಿ, ತುಳಸಿಕಟ್ಟೆ ಪಕ್ಕ ಮಾತ್ರ ಸಿಗುವುದು. ಸಂಜೆ ಅಲ್ಲಿ ಪ್ಲಾಸ್ಟಿಕ್ ಕುರ್ಚಿ ಹಾಕಿಕೊಂಡು ಫೋನ್ ತೊಡೆಯ ಮೇಲಿಟ್ಟುಕೊಂಡು ಕೂರುತ್ತಾರೆ. ಮಳೆ ಬಂದರೆ ಕೊಡೆ ಹಿಡಿದು ಕೂರುತ್ತಾರೆ. ಜನ ಬೇಡವಾದವರು ಹೀಗೆ ಕೂರುತ್ತಾರಾ?

ಅಗಾಫ್ಯಾಳ ಬದುಕನ್ನು ನಾನು ಓದಿಕೊಂಡಿದ್ದು ಈ ಕುರ್ಚಿಯನ್ನು ನೋಡಿದ ಮೇಲೆ. ಹಾಗಾಗಿಯೇ ಇರಬೇಕು, ಅವಳು ಜಗತ್ತನ್ನು ಬಿಟ್ಟವಳು, ಜಗತ್ತಿನ ಅತಿ ಒಂಟಿ ಹೆಂಗಸು ಅನ್ನುವ ತಲೆಬರಹಗಳು ನನಗೆ ಸರಿ ಕಾಣುವುದಿಲ್ಲ. ಅವಳು ಜಾಗ ಬಿಟ್ಟು ಕದಲಲಿಲ್ಲ ಅಷ್ಟೇ. ಜನ ಬೇಡ ಅಂತ ಅವಳು ಹೇಳಿದ್ದು ನನಗೆಲ್ಲೂ ಸಿಗಲಿಲ್ಲ. ಅವಳ ಮೇಲೆ ತೆಗೆದ ಸಾಕ್ಷ್ಯಚಿತ್ರಗಳನ್ನು ನೋಡಿ. ಕ್ಯಾಮೆರಾ ಹಿಡಿದು ಹೋದವರ ಮುಂದೆ ಆ ಪುಟ್ಟ ಮುದುಕಿ ತಲೆಗೆ ಎರಡೆರಡು ವಸ್ತ್ರ ಕಟ್ಟಿಕೊಂಡು, ಕೆಲಸದಿಂದ ಕೆಲಸಕ್ಕೆ ಓಡಾಡುತ್ತಾ, ಹಾಡಿನಂಥ ರಾಗದಲ್ಲಿ ಮಾತು, ಮಾತು, ಮಾತು. ಅಪ್ಪ ಹೇಳಿದ್ದು, ಕರಡಿ ಬಂದಿದ್ದು, ಯಾವುದೋ ವರ್ಷದ ಆಲೂಗಡ್ಡೆ. ಕೇಳುವ ಕಿವಿ ಸಿಕ್ಕಿದರೆ ಬಿಡುವವಳಲ್ಲ.

ಆದರೆ ಪಕ್ಕದಲ್ಲೇ ಒಬ್ಬರು ಬಂದು ನೆಲೆಸಿದರೆ?

1997ರಲ್ಲಿ ಅದೂ ಆಯಿತು. ಬಂದವನು ಅದೇ ಸೆದೊವ್. ನಿವೃತ್ತನಾಗಿದ್ದ. ಗ್ಯಾಂಗ್ರೀನ್ ಆಗಿ ಒಂದು ಕಾಲು ಕತ್ತರಿಸಿದ್ದರು. ಮರದ ಕಾಲು ಕಟ್ಟಿಕೊಂಡು ಬಂದು ಅಗಾಫ್ಯಾಳ ಮನೆಯಿಂದ ಕೂಗಳತೆ ದೂರದಲ್ಲಿ ಒಂದು ಗುಡಿಸಲು ಹಾಕಿಕೊಂಡ. ಸಹಾಯ ಮಾಡಲು ಬಂದವನಿಗೇ ಸಹಾಯ ಬೇಕಾಗಿತ್ತು. ವಯಸ್ಸಾಗುತ್ತಿದ್ದ ಅಗಾಫ್ಯಾ ಅವನಿಗೂ ಸೌದೆ ನೀರು ನೋಡಿಕೊಳ್ಳಬೇಕಾಯಿತು. ಇಬ್ಬರಿಗೂ ಅಷ್ಟಾಗಿ ಹೊಂದಿಕೆಯೂ ಆಗಲಿಲ್ಲ. ಅವನ ಮೇಲೆ ಅವಳಿಗೆ ಬೇಕಾದಷ್ಟು ದೂರು ಇತ್ತು. ಬಂದವರ ಹತ್ತಿರ ಹೇಳಿಕೊಳ್ಳುತ್ತಿದ್ದಳು. ಆದರೂ 18 ವರ್ಷ ಇಬ್ಬರೂ ಹಾಗೇ ಇದ್ದರು. ನೂರಾರು ಕಿಲೋಮೀಟರ್ ಬರೀ ಕಾಡು. ನಡುವೆ ಎರಡು ಗುಡಿಸಲು. ಅಲ್ಲೂ ನೆರೆಮನೆಯ ಮುನಿಸು! ಮನಸ್ಸಿಗೆ ಹತ್ತಿರವಾದ ಸಂಗತಿ ಇದು ನನಗೆ. ಯಾಕಂದರೆ ಇಲ್ಲಿ ಅಗಾಫ್ಯಾ ಯಾವ ಪುಣ್ಯಕತೆಯ ಸನ್ಯಾಸಿನಿಯೂ ಅಲ್ಲ. ನಮ್ಮ ನಿಮ್ಮ ಹಾಗೆ ಪಕ್ಕದವರ ಜೊತೆ ಏಗುವ ಹೆಂಗಸು. ಸಿಟ್ಟು ಬಂದರೂ ಸೌದೆ ಒಯ್ದು ಕೊಡುವ ಹೆಂಗಸು. ಸೆದೊವ್ 2015ರ ಮೇ ತಿಂಗಳಲ್ಲಿ ಅಲ್ಲೇ ತೀರಿಕೊಂಡ.

ಒಂಟಿಯಾಗಿದ್ದವರೆಲ್ಲ ಒಳಗೊಳಗೇ ಜನಕ್ಕಾಗಿ ಕಾಯುತ್ತಾರೆ ಅಂತ ನಾನು ಹೇಳಲಾರೆ. ಬ್ರೆಜಿಲ್‌ನ ರೊಂಡೋನಿಯಾದಲ್ಲಿ ತನಾರು ಎಂಬ ಕಾಡಿದೆ. ಅಲ್ಲಿ ಒಬ್ಬ ಆದಿವಾಸಿ ಇಪ್ಪತ್ತಾರು ವರ್ಷ ಒಬ್ಬನೇ ಬದುಕಿದ. ಎಪ್ಪತ್ತರ ದಶಕದಿಂದ ಜಮೀನು ಕಬಳಿಸಲು ಬಂದವರು ಅವನ ಜನರನ್ನು ಕೊಲ್ಲುತ್ತಾ ಬಂದಿದ್ದರು. ಕೊನೆಗೆ ಉಳಿದವನು ಅವನೊಬ್ಬನೇ. ಅವನ ಹೆಸರೇನು, ಆಡುತ್ತಿದ್ದ ಭಾಷೆ ಯಾವುದು, ಯಾರಿಗೂ ತಿಳಿಯಲಿಲ್ಲ. ಸರ್ಕಾರದ ಆದಿವಾಸಿ ಇಲಾಖೆಯವರು ದೂರದಿಂದ ಕಾವಲಿದ್ದರು. ಕತ್ತಿ, ಬೀಜ ಇಟ್ಟು ಬರುತ್ತಿದ್ದರು. 2005ರಲ್ಲಿ ಹತ್ತಿರ ಹೋದವನಿಗೆ ಅವನು ಬಾಣ ಬಿಟ್ಟ. ಆಮೇಲೆ ಅವನ ಪಾಡಿಗೆ ಅವನನ್ನು ಬಿಟ್ಟರು. 2022ರ ಆಗಸ್ಟ್‌ನಲ್ಲಿ ತನ್ನ ಗುಡಿಸಲ ಜೋಲಿಯಲ್ಲಿ ಮಲಗಿದಲ್ಲೇ ಪ್ರಾಣ ಬಿಟ್ಟಿದ್ದು ಕಂಡಿತು. ಸುತ್ತ ಗಿಣಿಯ ಬಣ್ಣದ ಗರಿ ಇಟ್ಟುಕೊಂಡಿದ್ದ. ಸಾವು ಹತ್ತಿರ ಬಂದಿದ್ದು ಅವನಿಗೆ ಗೊತ್ತಾಗಿತ್ತು ಅಂತ ಕಾಣುತ್ತದೆ. ಅವನಿಗೆ ಬೇಕಾಗಿದ್ದ ಜನ ಸತ್ತುಹೋಗಿದ್ದರು. ಬದುಕಿದ್ದ ಜನ ಅವರನ್ನು ಕೊಂದವರ ಕಡೆಯವರಂತೆ ಅವನಿಗೆ ಕಂಡಿರಬೇಕು. ಅವನನ್ನು ಒತ್ತಾಯ ಮಾಡಿ ಹೊರಗೆ ತರದೆ ಇದ್ದದ್ದು ಸರಿ. ಅಂಥವರ ವಿಷಯದಲ್ಲಿ ದೂರ ನಿಲ್ಲುವುದೇ ನಾವು ತೋರಬಹುದಾದ ಗೌರವ.

ಕಾರ್ಪ್ ಓಡಿದ್ದೂ ಗುಂಡಿನ ಸದ್ದಿಗೆ ಹೆದರಿಯೇ. ಆದರೆ ಅವನ ಬಾಗಿಲಿಗೆ ಬಂದವರು ಹೊರಗೆ ಹೋಗಿ ಕೂತು ಕಾಯುವಷ್ಟು ಸಂಯಮ ಇದ್ದವರು. ಆ ಅರ್ಧ ಗಂಟೆ ಇಲ್ಲದಿದ್ದರೆ ಮುಂದಿನ ಯಾವ ನಂಟೂ ಹುಟ್ಟುತ್ತಿರಲಿಲ್ಲ ಅನ್ನುವುದು ನನ್ನ ನಂಬಿಕೆ.

2014ರಲ್ಲಿ ಅಗಾಫ್ಯಾ ಹೊರಜಗತ್ತಿಗೆ ಒಂದು ಕಾಗದ ಬರೆದಳು. ಅಮ್ಮ ಕಲಿಸಿದ ಹಳೆ ಕಾಲದ ಅಕ್ಷರಗಳಲ್ಲೇ. ವಯಸ್ಸಾಯಿತು, ಕೈಲಾಗುತ್ತಿಲ್ಲ, ಚಳಿಗಾಲಕ್ಕೆ ಸೌದೆ ಬೇಕು, ಯಾರಾದರೂ ಬಂದು ಜೊತೆಗಿರಿ ಅಂತ. ತನ್ನನ್ನು ಕರೆದುಕೊಂಡು ಹೋಗಿ ಅಂತ ಕೇಳಲಿಲ್ಲ. ಬನ್ನಿ ಅಂತ ಕೇಳಿದಳು. ಯಾಕೆ ಊರಿಗೆ ಹೋಗುವುದಿಲ್ಲ ಅಂದರೆ, ಇಲ್ಲೇ ಇರು ಅಂತ ಅಪ್ಪ ಹೇಳಿದ್ದಾರೆ, ಮೀರಲಾರೆ ಅನ್ನುತ್ತಾಳೆ.

ಹಾಗೆ ಕೇಳಿದರೆ ಯಾರು ಹೋಗುತ್ತಾರೆ ಅಂತ ಅನ್ನಿಸಬಹುದು. ಹೋಗಿದ್ದಾರೆ. ಬೇಸಿಗೆಯಲ್ಲಿ ವಿದ್ಯಾರ್ಥಿಗಳು ಹೋಗಿ ಹುಲ್ಲು ಕೊಯ್ದು, ಸೌದೆ ಸೀಳಿ ಕೊಟ್ಟು ಬಂದಿದ್ದಾರೆ. ಹಕಾಸ್ಕಿ ಅಭಯಾರಣ್ಯದ ಸಿಬ್ಬಂದಿ ಆಗಾಗ ಹೋಗಿ ನೋಡಿ ಬರುತ್ತಾರೆ. ಅವಳ ಧರ್ಮದವರು ಜೊತೆಗಿರಲು ಜನ ಕಳಿಸಿದ್ದಾರೆ. ಬಂದವರು ಬಹಳ ದಿನ ನಿಲ್ಲುವುದು ಕಷ್ಟ. ಪೂಜೆ ಪ್ರಾರ್ಥನೆ, ಮಡಿ ಮೈಲಿಗೆ ಎಲ್ಲ ಅವಳು ಹೇಳಿದಂತೆಯೇ ಆಗಬೇಕು. ಬಾರ್‌ಕೋಡ್ ಇರುವ ಪೊಟ್ಟಣ ಮುಟ್ಟುವುದಿಲ್ಲ. ಅದು ಸೈತಾನನ ಗುರುತು ಅವಳಿಗೆ. ಹಾಗಾಗಿ ತಿಳಿದವರು ಹಿಟ್ಟು, ಧಾನ್ಯ ಏನೇ ಒಯ್ದರೂ ಅಂಗಡಿ ಪೊಟ್ಟಣ ಬಿಟ್ಟು ಬೇರೆ ಚೀಲಕ್ಕೆ ಸುರಿದು ಒಯ್ಯುತ್ತಾರೆ. ಹೊರಗಿನವರಿಗೆ ಇದು ಹುಚ್ಚು ಅನ್ನಿಸಬಹುದು. ನನಗೆ ಆ ಚೀಲ ಕಟ್ಟುವವರ ಮೇಲೆ ಪ್ರೀತಿ ಹುಟ್ಟುತ್ತದೆ. ವಾದ ಮಾಡದೆ, ತಿದ್ದಲು ಹೋಗದೆ, ಅವಳು ಒಪ್ಪುವ ರೀತಿಯಲ್ಲಿ ಅವಳ ಬಾಗಿಲಿಗೆ ಹೋಗುವ ಜನ ಅವರು.

2016ರ ಜನವರಿಯಲ್ಲಿ, ಕಡು ಚಳಿಯಲ್ಲಿ, ಅವಳ ಕಾಲು ನೋವು ತಡೆಯಲಾಗದಷ್ಟಾಯಿತು. ತುರ್ತಿಗಿರಲಿ ಅಂತ ಕೊಟ್ಟಿದ್ದ ಉಪಗ್ರಹ ಫೋನ್ ತೆಗೆದು ಸಹಾಯ ಕೇಳಿದಳು. ಹೆಲಿಕಾಪ್ಟರ್‌ನಲ್ಲಿ ತಾಷ್ಟಗೋಲ್ ಆಸ್ಪತ್ರೆಗೆ ಒಯ್ದರು. ವಾಸಿಯಾಯಿತು. ಊರಲ್ಲೇ ಇರಿ ಅಂದರು. ಮತ್ತೆ ಕಾಡಿಗೇ ಬಂದಳು. ಅವಳ ಅಣ್ಣ ದಿಮಿತ್ರಿ ಇದೇ ಹೆಲಿಕಾಪ್ಟರ್ ಬೇಡ ಅಂದು ಸತ್ತಿದ್ದ. ಮೂವತ್ತೈದು ವರ್ಷಗಳಲ್ಲಿ ಅಗಾಫ್ಯಾ ಎಷ್ಟು ದೂರ ನಡೆದು ಬಂದಿದ್ದಾಳೆ ನೋಡಿ. ಮನೆ ಮಾತ್ರ ಬಿಡಲಿಲ್ಲ, ನಂಬಿಕೆಯೂ ಸಡಿಲವಾಗಲಿಲ್ಲ. ಆದರೆ ಕಷ್ಟ ಬಂದರೆ ಕೂಗಬಹುದು, ಕೂಗಿದರೆ ಯಾರಾದರೂ ಬರುತ್ತಾರೆ ಅನ್ನುವ ಧೈರ್ಯ ಅವಳಲ್ಲಿ ಎಲ್ಲಿಂದಲೋ ಹುಟ್ಟಿತು. ಎಲ್ಲಿಂದಲೋ ಅಲ್ಲ. ಅಷ್ಟು ವರ್ಷ ಬಿಡದೆ ಬಂದುಹೋದವರಿಂದ.

ಹಳೆ ಗುಡಿಸಲು ಕುಸಿಯುತ್ತಿತ್ತು. ಒಲೆಗ್ ದೆರಿಪಾಸ್ಕಾ ಎಂಬ ಉದ್ಯಮಿಯ ದುಡ್ಡಿನಲ್ಲಿ 2021ರಲ್ಲಿ ಅವಳಿಗೆ ಅಲ್ಲೇ ಹೊಸ ಮರದ ಮನೆಯಾಯಿತು. ಹಳೆ ನಂಬಿಕೆಯ ಚರ್ಚಿನ ಮುಖ್ಯಸ್ಥ ಕೊರ್ನಿಲಿ ಖುದ್ದಾಗಿ ಅಲ್ಲಿಗೆ ಹೋಗಿ ಗೃಹಪ್ರವೇಶದ ಪ್ರಾರ್ಥನೆ ನಡೆಸಿದರು. ವಯಸ್ಸಾದ ಧರ್ಮಗುರು ಅವಳ ಬಾಗಿಲಿಗೆ ಹೋದ, ಅವಳು ಮಾಸ್ಕೋಗೆ ಬರಲಿಲ್ಲ. ಹಾಗೇ ಆಗಬೇಕಿತ್ತು.

ವಯಸ್ಸಾದವರನ್ನು ಹಳ್ಳಿ ಮನೆಯಲ್ಲಿ ಒಬ್ಬರನ್ನೇ ಬಿಡುವುದು ತಪ್ಪಲ್ವಾ ಅಂತ ನನ್ನನ್ನು ಕೇಳುವವರಿದ್ದಾರೆ. ಬಿಟ್ಟು ಮರೆತುಬಿಟ್ಟರೆ ದೊಡ್ಡ ತಪ್ಪು. ಎಳೆದುಕೊಂಡು ಬಂದು ಬಾಲ್ಕನಿಯಲ್ಲಿ ಕೂರಿಸಿದರೆ ಅದೂ ಅವರ ಒಂಟಿತನ ಕಳೆಯುವುದಿಲ್ಲ. ಅಲ್ಲಿ ಒಂದೇ ಮಹಡಿಯಲ್ಲಿ ಆರು ಬಾಗಿಲಿದ್ದರೂ ಅಳಿಯ ಕುಡಿಯುವುದು ಬಿಟ್ಟನಾ ಅಂತ ಯಾರನ್ನು ಕೇಳುವುದು? ದೊಡ್ಡಮ್ಮನ ಮಕ್ಕಳು, ನಾವು ಅಕ್ಕ ತಂಗಿಯರ ಮಕ್ಕಳು ಸೇರಿ ಈಗ ಒಂದು ಏರ್ಪಾಟು ಮಾಡಿಕೊಂಡಿದ್ದೇವೆ. ಸರದಿ ಮೇಲೆ ಒಬ್ಬೊಬ್ಬರು ಹೋಗಿ ಬರುವುದು. ಹೋದಾಗ ಇಷ್ಟು ದೊಡ್ಡ ಮನೆ ಯಾಕೆ, ಮಾರಿಬಿಡಿ ಅನ್ನುವ ಮಾತು ತೆಗೆಯುವ ಹಾಗಿಲ್ಲ. ಸಂಜೆ ಅವರು ತುಳಸಿಕಟ್ಟೆ ಪಕ್ಕ ಕೂರುವ ಹೊತ್ತಿಗೆ ಯಾರಾದರೊಬ್ಬರು ಫೋನ್ ಮಾಡಲೇಬೇಕು.

ಮುಂದಿನ ಸರದಿ ನಮ್ಮದು. ಯಾವಾಗ ಬರಲಿ ಅಂತ ಕೇಳಿದೆ. ದೊಡ್ಡಮ್ಮ ಆಗಲೇ ಲೆಕ್ಕ ಹಾಕಿಟ್ಟಿದ್ದರು. "ಅಡಿಕೆ ಕೊನೆಕೊಯ್ಲು ಶುರುವಾಗೋ ಮೊದಲು ಬಾ. ಒಬ್ಬರೇ ಬರಬೇಡಿ, ಇಬ್ಬರು ಬನ್ನಿ, ಅಟ್ಟದ ಮೇಲಿನ ಭರಣಿ ಇಳಿಸಬೇಕು. ನಾಲ್ಕು ದಿನ ಇದ್ದು ಹೋಗಿ. ಅದಕ್ಕಿಂತ ಜಾಸ್ತಿ ಬೇಡ, ನಂಗೂ ಕೆಲಸ ಇರತ್ತೆ."